ಲ್ಯಾಕ್ಸ್ಟನ್ನಿನ ಮೂರು ಹೊಲಗಳು: ಓದುಗರ ಪ್ರಶ್ನೆ, ನಮ್ಮ ಉತ್ತರ

ಕಳೆದ ಸಂಚಿಕೆಯಲ್ಲಿ ಬದುವಿನ ವ್ಯಾಜ್ಯದ ಬಗ್ಗೆ ಓದುಗರೊಬ್ಬರಿಗೆ ಉತ್ತರ ಬರೆಯುವಾಗ, ಇಂಗ್ಲೆಂಡಿನ ಲ್ಯಾಕ್ಸ್ಟನ್ ಎಂಬ ಸಣ್ಣ ಹಳ್ಳಿಯಲ್ಲಿ ರೈತರೇ ವರ್ಷಕ್ಕೊಮ್ಮೆ ಕೂಡಿ ಹೊಲದ ಗಡಿ ನೋಡುತ್ತಾರೆ, ಒತ್ತುವರಿ ಮಾಡಿದವರಿಗೆ ದಂಡ ಹಾಕುತ್ತಾರೆ ಎಂದು ಒಂದೇ ಒಂದು ವಾಕ್ಯ ಬರೆದಿದ್ದೆ. ಆ ವಾಕ್ಯವನ್ನು ಹಿಡಿದು ರಾಯಚೂರು, ಕೊಪ್ಪಳ, ಬಳ್ಳಾರಿ ಜಿಲ್ಲೆಗಳ ಓದುಗರು ಬರೆದ ಪತ್ರಗಳು ಇನ್ನೂ ಬರುತ್ತಲೇ ಇವೆ. ಆದ್ದರಿಂದ ಈ ಬಾರಿಯ ಅಂಕಣವನ್ನು ಪೂರ್ತಿಯಾಗಿ ಆ ಊರಿಗೇ ಮೀಸಲಿಟ್ಟಿದ್ದೇನೆ. ಒಂದೇ ವಿಷಯ ಕೇಳಿದ ಪತ್ರಗಳನ್ನು ಒಟ್ಟುಗೂಡಿಸಿ, ಒಬ್ಬರ ಪ್ರಶ್ನೆಯ ರೂಪದಲ್ಲಿ ಕೊಟ್ಟಿದ್ದೇನೆ.

ಪ್ರಶ್ನೆ: ಲ್ಯಾಕ್ಸ್ಟನ್ ಎಲ್ಲಿದೆ? ಅದು ಎಷ್ಟು ಹಳೆಯ ಊರು? ಊರಿನ ರಚನೆ ಹೇಗಿದೆ ಎಂಬುದನ್ನು ನಮ್ಮ ಕಣ್ಣಿಗೆ ಕಟ್ಟುವಂತೆ ತಿಳಿಸುವಿರಾ?
– ಓದುಗರೊಬ್ಬರು, ಸಿಂಧನೂರು

ಉತ್ತರ: ಇಂಗ್ಲೆಂಡಿನ ನಡುಭಾಗದಲ್ಲಿ ನಾಟಿಂಗ್‌ಹ್ಯಾಮ್‌ಶೈರ್ ಎಂಬ ಜಿಲ್ಲೆಯಿದೆ. ರಾಬಿನ್ ಹುಡ್‌ನ ಕಥೆ ಓದಿದವರಿಗೆ ಆ ಹೆಸರು ಹೊಸದಲ್ಲ. ಆ ಜಿಲ್ಲೆಯ ನ್ಯೂಆರ್ಕ್ ಪಟ್ಟಣದಿಂದ ಉತ್ತರಕ್ಕೆ, ಆಲರ್ಟನ್ ಮತ್ತು ಟಕ್ಸ್‌ಫರ್ಡ್ ಎಂಬ ಸಣ್ಣ ಊರುಗಳ ನಡುವೆ ಲ್ಯಾಕ್ಸ್ಟನ್ ಇದೆ. ಪಕ್ಕದ ಮೂರ್‌ಹೌಸ್ ಎಂಬ ಮಜರೆಯನ್ನು ಸೇರಿಸಿಕೊಂಡರೂ ಜನಸಂಖ್ಯೆ ಕೆಲವೇ ನೂರು. ನಮ್ಮ ಕಡೆಯ ಒಂದು ಓಣಿಯ ಜನರಷ್ಟು ಎನ್ನಬಹುದು.

ಇಂಗ್ಲೆಂಡನ್ನು ಗೆದ್ದ ನಾರ್ಮನ್ ದೊರೆ ವಿಲಿಯಮ್ 1086ರಲ್ಲಿ ತನ್ನ ರಾಜ್ಯದ ಊರು, ನೇಗಿಲು, ಗಿರಣಿ, ಹುಲ್ಲುಗಾವಲುಗಳನ್ನೆಲ್ಲ ಎಣಿಸಿ ಬರೆಯಿಸಿದ ಡೂಮ್ಸ್‌ಡೇ ಎಂಬ ಮಹಾದಫ್ತರದಲ್ಲಿ ಈ ಊರಿನ ಹೆಸರಿದೆ. ಅನಂತರ ಇಲ್ಲಿ ಮಣ್ಣಿನ ದೊಡ್ಡ ದಿಬ್ಬವೊಂದನ್ನು ಒಟ್ಟಿ ಕೋಟೆ ಕಟ್ಟಿದರು. ಶೆರ್‌ವುಡ್ ಅರಣ್ಯದ ಅಧಿಕಾರ ಹೊಂದಿದ್ದ ಮನೆತನಗಳು ಇಲ್ಲಿಂದಲೇ ಆಡಳಿತ ನಡೆಸಿದವು. ಕೋಟೆಯ ಕಟ್ಟಡಗಳೆಲ್ಲ ಹೋಗಿವೆ. ದಿಬ್ಬ ಮಾತ್ರ ಊರಿನ ಉತ್ತರಕ್ಕೆ ಹುಲ್ಲು ಹೊದ್ದುಕೊಂಡು ನಿಂತಿದೆ. ನಮ್ಮ ಹಳ್ಳಿಗಳ ಹುಡೇವು ಹೇಗೆ ಕಾವಲಿನ ಕೆಲಸ ಮುಗಿದ ಮೇಲೂ ಊರಿನ ಗುರುತಾಗಿ ಉಳಿದಿದೆಯೋ ಹಾಗೆಯೇ ಇದೂ. ಊರ ನಡುವೆ ದೇವದೂತ ಮೈಕೇಲನ ಹೆಸರಿನ ಚರ್ಚು ಇದೆ. ಅದರೊಳಗೆ ಹಳೆಯ ಒಡೆಯರ ಮನೆತನವಾದ ಎವರಿಂಗ್‌ಹ್ಯಾಮ್‌ರ ಕಲ್ಲಿನ ಪ್ರತಿಮೆಗಳ ಜೊತೆ ಓಕ್ ಮರದಲ್ಲಿ ಕೆತ್ತಿದ ಒಂದು ಹೆಣ್ಣು ಪ್ರತಿಮೆಯೂ ಇದೆ.

ಊರಿನ ರಚನೆ ಕೇಳಿದ್ದೀರಿ. ಇಂಗ್ಲೆಂಡಿನ ಬಹುತೇಕ ಕಡೆ ರೈತನ ಮನೆ ಅವನ ಹೊಲದ ನಡುವೆ ಒಂಟಿಯಾಗಿರುತ್ತದೆ. ಲ್ಯಾಕ್ಸ್ಟನ್ನಿನಲ್ಲಿ ಮಾತ್ರ ರೈತರ ಮನೆಗಳು ನಮ್ಮಲ್ಲಿಯಂತೆಯೇ ಊರೊಳಗೆ, ಬೀದಿಯ ಎರಡೂ ಬದಿಗೆ ಇವೆ. ಮನೆಯ ಹಿಂದೆ ದನದ ಕೊಟ್ಟಿಗೆ, ಕಣಜ, ಹಿತ್ತಲು. ಊರು ದಾಟಿದ ಮೇಲೆ ಹೊಲ. ಆ ಹೊಲಗಳಿಗೆ ಬೇಲಿಯಿಲ್ಲ. ಪಡುವಣ ಹೊಲ, ತೆಂಕಣ ಹೊಲ, ಗಿರಣಿ ಹೊಲ ಎಂದು ಅರ್ಥ ಬರುವ ಮೂರು ಹೆಸರಿನ ಮೂರು ವಿಶಾಲ ಬಯಲುಗಳಲ್ಲಿ ಪ್ರತಿಯೊಬ್ಬ ರೈತನ ಭೂಮಿ ಪಟ್ಟಿ ಪಟ್ಟಿಯಾಗಿ ಹಂಚಿಕೊಂಡು ಬಿದ್ದಿದೆ. ಈ ಬಗೆಯ ಬೇಸಾಯ ಒಂದು ಕಾಲಕ್ಕೆ ಮಧ್ಯ ಇಂಗ್ಲೆಂಡಿನ ಉದ್ದಗಲಕ್ಕೂ ಇತ್ತು. ಅದನ್ನು ಕಾಯುವ ಊರ ನ್ಯಾಯಸಭೆಯ ಸಮೇತ ಇಂದಿಗೂ ನಡೆಸಿಕೊಂಡು ಬಂದಿರುವ ಊರು ಲ್ಯಾಕ್ಸ್ಟನ್ ಒಂದೇ.

ಪ್ರಶ್ನೆ: ನಮ್ಮದು ಎರಡು ಎಕರೆ ಒಂದು ಕಡೆ, ಒಂದೂವರೆ ಎಕರೆ ಇನ್ನೊಂದು ಕಡೆ. ಅಣ್ಣತಮ್ಮಂದಿರ ಪಾಲಾಗಿ ಹರಿದು ಹಂಚಿಹೋದ ಭೂಮಿಯಿಂದ ನಾವು ಪಡುವ ಪಾಡು ಹೇಳತೀರದು. ಆ ಊರಿನವರು ಬೇಕೆಂದೇ ಭೂಮಿಯನ್ನು ತುಂಡು ಮಾಡಿಕೊಂಡಿದ್ದು ಏಕೆ?
– ರೈತರೊಬ್ಬರು, ಕುಷ್ಟಗಿ

ಉತ್ತರ: ನಿಮ್ಮ ಭೂಮಿ ತುಂಡಾದದ್ದು ಪಾಲಿನಿಂದ, ಅವರದು ತುಂಡಾಗಿದ್ದದ್ದು ಹಂಚಿಕೆಯಿಂದ. ಈ ಎರಡನ್ನೂ ಬೇರೆಬೇರೆಯಾಗಿ ನೋಡಬೇಕಾಗುತ್ತದೆ. ಒಂದೇ ಊರಿನ ಸೀಮೆಯಲ್ಲಿ ಎರೆಯೂ ಇರುತ್ತದೆ, ಮಸಾರಿಯೂ ಇರುತ್ತದೆ, ಹಳ್ಳದ ದಂಡೆಯ ತಗ್ಗೂ ಇರುತ್ತದೆ. ಎರೆ ಎಲ್ಲ ಒಬ್ಬನಿಗೆ, ಕಲ್ಲುನೆಲ ಎಲ್ಲ ಇನ್ನೊಬ್ಬನಿಗೆ ಬಂದರೆ ಊರು ಒಟ್ಟಿಗೆ ಬಾಳುವುದು ಕಷ್ಟ. ಮೂರೂ ಹೊಲಗಳಲ್ಲಿ ಪ್ರತಿಯೊಬ್ಬನಿಗೂ ಪಟ್ಟಿಗಳಿದ್ದರೆ ಒಳ್ಳೆಯ ನೆಲವೂ ಕೆಟ್ಟ ನೆಲವೂ ಎಲ್ಲರ ಪಾಲಿಗೂ ಬರುತ್ತದೆ. ಒಂದು ಕಡೆ ನೀರು ನಿಂತು ಬೆಳೆ ಕೊಳೆತರೂ ಇನ್ನೊಂದು ಕಡೆಯದು ಕೈ ಹಿಡಿಯುತ್ತದೆ.

ಇನ್ನೊಂದು ಕಾರಣ ಬೆಳೆಯ ಸರದಿ. ಲ್ಯಾಕ್ಸ್ಟನ್ನಿನ ನೆಲ ಭಾರವಾದ ಜೇಡಿಮಣ್ಣು. ಅಂಥ ನೆಲಕ್ಕೆ ಬಿಡುವು ಬೇಕು. ಒಂದು ಹೊಲದಲ್ಲಿ ಚಳಿಗಾಲಕ್ಕೆ ಮುಂಚೆ ಗೋಧಿ ಬಿತ್ತುತ್ತಾರೆ. ಎರಡನೆಯದರಲ್ಲಿ ವಸಂತದಲ್ಲಿ ಬಾರ್ಲಿ, ಬಟಾಣಿಯಂಥವು. ಮೂರನೆಯದು ಹಿಂದೆ ಪೂರ್ತಿ ಬೀಳು, ಈಗ ಹುಲ್ಲು ಅಥವಾ ಮೇವಿನ ಬೆಳೆ. ಮರುವರ್ಷ ಎಲ್ಲವೂ ಒಂದು ಹೆಜ್ಜೆ ಮುಂದಕ್ಕೆ ಸರಿಯುತ್ತವೆ. ಒಬ್ಬ ರೈತನ ಭೂಮಿಯೆಲ್ಲ ಒಂದೇ ಹೊಲದಲ್ಲಿದ್ದರೆ ಬೀಳಿನ ವರ್ಷ ಅವನ ಮನೆಯವರು ಏನು ಉಣ್ಣಬೇಕು? ಹಾಗಾಗಿ ಮೂರರಲ್ಲೂ ಪಾಲು ಇರಲೇಬೇಕಾಗಿತ್ತು. ಕೊಯ್ಲಾದ ಕೂಳೆಯ ಮೇಲೂ ಬೀಳು ನೆಲದ ಮೇಲೂ ಊರ ದನ ಕುರಿಗಳು ಒಟ್ಟಾಗಿ ಮೇಯುತ್ತಿದ್ದವು, ಅವುಗಳ ಗೊಬ್ಬರ ಎಲ್ಲರ ನೆಲಕ್ಕೂ ಬೀಳುತ್ತಿತ್ತು. ಬೇಸಿಗೆಯಲ್ಲಿ ಹೊಲದೊಳಗೆ ಕುರಿಹಿಂಡು ತರುಬಿಸಿ, ಕುರಿಗಾರರಿಗೆ ಜೋಳ ಅಳೆದುಕೊಡುವ ನಿಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಒಂದು ಸಂಗತಿ ಹೇಳಲೇಬೇಕು. ನೀವು ಪತ್ರದಲ್ಲಿ ಬರೆದ ಎಕರೆ ಎಂಬ ಅಳತೆ ಹುಟ್ಟಿದ್ದೇ ಇಂಥ ಹೊಲಗಳಲ್ಲಿ. ಎತ್ತುಗಳು ದಣಿವಾರಿಸಿಕೊಳ್ಳದೆ ಒಂದೇ ಎಳೆತಕ್ಕೆ ಎಳೆಯಬಲ್ಲ ನೇಗಿಲ ಸಾಲಿನ ಉದ್ದಕ್ಕೆ ಫರ್ಲಾಂಗು ಎಂದು ಹೆಸರಾಯಿತು. ಆ ಮಾತಿನ ಮೂಲ ಅರ್ಥವೇ ಸಾಲಿನ ಉದ್ದ. ನಮ್ಮ ಹಿರಿಯರು ದಾರಿ ಹೇಳುವಾಗ ಎರಡು ಫರ್ಲಾಂಗು ಎನ್ನುತ್ತಿದ್ದರಲ್ಲ, ಅದೇ ಇದು: 660 ಅಡಿ. ಅಷ್ಟು ಉದ್ದ, 66 ಅಡಿ ಅಗಲದ ಪಟ್ಟಿ ಎಂದರೆ ಒಂದು ಎಕರೆ. ಅದು ಒಂದು ನೇಗಿಲಿನ ಒಂದು ದಿನದ ಉಳುಮೆ. ಲೆಕ್ಕ ಹಾಕಿದರೆ 43,560 ಚದರ ಅಡಿ. 33 ಅಡಿ ಉದ್ದ, 33 ಅಡಿ ಅಗಲದ ನಮ್ಮ ಗುಂಟೆಯನ್ನು 40ರಿಂದ ಗುಣಿಸಿದರೂ ಅಷ್ಟೇ ಬರುತ್ತದೆ. ನಮ್ಮ ಕಡೆ ಹಳಬರು ಇಷ್ಟು ಕೂರಿಗೆ ಹೊಲ ಎಂದು ಬಿತ್ತನೆಯ ಲೆಕ್ಕದಲ್ಲಿ ಭೂಮಿ ಅಳೆಯುತ್ತಿದ್ದರು. ಕೂರಿಗೆಯ ಲೆಕ್ಕ ಬಾಯಿಮಾತಿನಲ್ಲಿ ಉಳಿಯಿತು. ಪಹಣಿಯಲ್ಲಿ ಕುಳಿತದ್ದು ಆ ದೂರದೇಶದ ಎತ್ತುಗಳ ಲೆಕ್ಕ.

ಪ್ರಶ್ನೆ: ಬದು ಒಡೆದು ಎರಡು ಸಾಲು ಹೆಚ್ಚಿಗೆ ಹೊಡೆದುಕೊಳ್ಳುವವರು ಎಲ್ಲ ಊರಲ್ಲೂ ಇರುತ್ತಾರೆ. ಬೇಲಿಯೇ ಇಲ್ಲದ ಹೊಲದಲ್ಲಿ ನ್ಯಾಯ ಮಾಡುವವರು ಯಾರು? ಅವರ ಮಾತನ್ನು ಕೇಳುವವರು ಯಾರು?
– ಓದುಗರೊಬ್ಬರು, ಸಿರುಗುಪ್ಪ

ಉತ್ತರ: ಬಂದ ಪತ್ರಗಳಲ್ಲಿ ಅರ್ಧಕ್ಕಿಂತ ಹೆಚ್ಚಿನವು ಇದನ್ನೇ ಕೇಳಿವೆ. ಆದ್ದರಿಂದ ಸ್ವಲ್ಪ ವಿಸ್ತಾರವಾಗಿ ಹೇಳುತ್ತೇನೆ.

ಪ್ರತಿ ವರ್ಷ ನವೆಂಬರ್ ತಿಂಗಳ ಕೊನೆಯ ಹೊತ್ತಿಗೆ, ಗೋಧಿ ಬಿತ್ತನೆ ಮುಗಿದ ಮೇಲೆ, ಊರಿನ ರೈತರಿಂದಲೇ ಆರಿಸಿದ ಹನ್ನೆರಡು ಮಂದಿ ಪಂಚರು ಮತ್ತು ಅವರ ಮುಖ್ಯಸ್ಥ ಹೊಲಕ್ಕೆ ಹೊರಡುತ್ತಾರೆ. ಆ ವರ್ಷ ಗೋಧಿ ಬಿತ್ತಿದ ಹೊಲ ಯಾವುದೋ ಅದರ ಸರದಿ. ಹೀಗಾಗಿ ಮೂರು ವರ್ಷಕ್ಕೊಮ್ಮೆ ಪ್ರತಿ ಹೊಲವೂ ತಪಾಸಣೆಗೆ ಬರುತ್ತದೆ. ಮರದ ಗೂಟಗಳನ್ನೂ ಅವನ್ನು ಬಡಿಯುವ ಕೊಡತಿಗಳನ್ನೂ ಜೊತೆಗೆ ಒಯ್ಯುತ್ತಾರೆ. ಪಟ್ಟಿ ಪಟ್ಟಿಯ ನಡುವೆ ನಡೆದು, ಗಡಿ ಮಸುಕಾದಲ್ಲಿ ಹೊಸ ಗೂಟ ಹುಗಿಯುತ್ತಾರೆ. ನೆರೆಯವನ ಪಟ್ಟಿಗೆ ನೇಗಿಲು ಹೊಕ್ಕಿದೆಯೇ, ಊರ ದಾರಿಯನ್ನು ಉತ್ತುಕೊಂಡಿದ್ದಾರೆಯೇ, ಸಾರ್ವಜನಿಕ ಹುಲ್ಲುನೆಲವನ್ನು ಕೊರೆದಿದ್ದಾರೆಯೇ, ನೀರು ಹರಿಯುವ ಕಾಲುವೆಯನ್ನು ಹೂಳು ತೆಗೆಯದೆ ಬಿಟ್ಟಿದ್ದಾರೆಯೇ ಎಂಬುದನ್ನೆಲ್ಲ ಕಣ್ಣಾರೆ ನೋಡಿ ಬರೆದುಕೊಳ್ಳುತ್ತಾರೆ. ನೋಡುವವರೂ ಅದೇ ಹೊಲದ ರೈತರಾದ್ದರಿಂದ ಅವರಿಂದ ತಪ್ಪನ್ನು ಮರೆಮಾಚುವುದು ಸುಲಭವಲ್ಲ. ಕೆಲಸ ಮುಗಿಸಿ ಡವ್‌ಕೋಟ್ ಎಂಬ ಊರಿನ ಪಾನಗೃಹದಲ್ಲಿ ಒಟ್ಟಿಗೆ ಕುಳಿತು ಊಟ ಮಾಡಿ, ಕಂಡ ತಪ್ಪುಗಳನ್ನು ಚರ್ಚಿಸಿ ದಂಡ ನಿಶ್ಚಯಿಸುತ್ತಾರೆ.

ಒಂದು ವಾರ ಕಳೆದ ಮೇಲೆ ಅದೇ ಡವ್‌ಕೋಟಿನಲ್ಲಿ ಕೋರ್ಟ್ ಲೀಟ್ ಎಂಬ ನ್ಯಾಯಸಭೆ ಕೂಡುತ್ತದೆ. ಭೂಮಿಯ ಒಡೆಯರ ಪರವಾಗಿ ಕಾನೂನು ಬಲ್ಲ ಒಬ್ಬರು ಅಧ್ಯಕ್ಷತೆ ವಹಿಸುತ್ತಾರೆ. ಪಂಚರು ತಮ್ಮ ವರದಿ ಒಪ್ಪಿಸುತ್ತಾರೆ, ತಪ್ಪು ಮಾಡಿದವರು ದಂಡ ಕಟ್ಟುತ್ತಾರೆ, ಮುಂದಿನ ವರ್ಷದ ಪಂಚರು ಪ್ರಮಾಣ ಸ್ವೀಕರಿಸುತ್ತಾರೆ. ದಂಡದ ಮೊತ್ತ ಸಣ್ಣದು. ಆದರೆ ಊರವರೆಲ್ಲರ ಮುಂದೆ ಹೆಸರು ಹಿಡಿದು ಕರೆಯುತ್ತಾರಲ್ಲ, ಅದರ ಭಾರ ಹಣದ ಭಾರಕ್ಕಿಂತ ಹೆಚ್ಚು.

ಅವರ ಮಾತಿಗೆ ಕಾನೂನಿನ ಬಲ ಇದೆಯೇ ಎಂದು ಕೇಳಿದ್ದೀರಿ. ಇದೆ. ಇಂಥ ಊರ ನ್ಯಾಯಸಭೆಗಳು ಇಂಗ್ಲೆಂಡಿನಲ್ಲಿ ಹಿಂದೆ ಎಲ್ಲ ಕಡೆ ಇದ್ದವು. 1977ರಲ್ಲಿ ಬ್ರಿಟಿಷ್ ಸಂಸತ್ತು ನ್ಯಾಯಾಡಳಿತದ ಹೊಸ ಕಾಯ್ದೆ ತಂದು ಅವುಗಳ ವಿಚಾರಣಾ ಅಧಿಕಾರವನ್ನು ರದ್ದು ಮಾಡಿದಾಗ, ಲ್ಯಾಕ್ಸ್ಟನ್ನಿನ ಸಭೆಗೆ ಮಾತ್ರ ವಿನಾಯಿತಿ ಕೊಟ್ಟಿತು. ಹೊಲವನ್ನು ಹೀಗೆ ಉಳುವುದು ಮುಂದುವರಿಯಬೇಕಾದರೆ ಹೊಲದ ನ್ಯಾಯವೂ ಮುಂದುವರಿಯಬೇಕು ಎಂಬುದನ್ನು ಅಲ್ಲಿಯ ಶಾಸನಕಾರರು ಅರಿತುಕೊಂಡರು ಎಂಬುದು ನನ್ನ ಮೆಚ್ಚುಗೆಯ ಸಂಗತಿ.

ನನ್ನ ತಂದೆಯವರು ರೋಹಿಣಿ ಮಳೆಗೆ ಮುಂಚೆ ಒಂದು ಮುಂಜಾವು ನನ್ನನ್ನೂ ಕರೆದುಕೊಂಡು ನಮ್ಮ ಹೊಲದ ನಾಲ್ಕೂ ಬದುವಿನ ಮೇಲೆ ನಡೆದು, ಬಾಂದಕಲ್ಲುಗಳನ್ನು ಮುಟ್ಟಿ ನೋಡಿ ಬರುತ್ತಿದ್ದರು. ಪಕ್ಕದ ಹೊಲದ ಯಜಮಾನರೂ ಅದೇ ಹೊತ್ತಿಗೆ ಬರುತ್ತಿದ್ದರು. ಇಬ್ಬರೂ ಕಲ್ಲಿನ ಹತ್ತಿರ ಕುಳಿತು ಎಲೆ ಅಡಿಕೆ ಹಾಕಿಕೊಂಡು ಮಾತಾಡಿ ಏಳುತ್ತಿದ್ದರು. ಅವರಿಬ್ಬರ ಕಾಲ ಮುಗಿದ ಮೇಲೆ ಆ ನಡಿಗೆ ನಿಂತುಹೋಯಿತು. ಹತ್ತು ವರ್ಷದೊಳಗೆ ಒಂದು ಕಲ್ಲು ಕಾಣೆಯಾಯಿತು. ಹದ್ದುಬಸ್ತಿಗೆ ಅರ್ಜಿ ಹಾಕಿ, ಅಳೆಯುವವರಿಗಾಗಿ ಎರಡು ಬೆಳೆ ಕಾಯಬೇಕಾಯಿತು. ಲ್ಯಾಕ್ಸ್ಟನ್ನಿನ ಪಂಚರ ವಿಷಯ ಮೊದಲ ಬಾರಿ ಓದಿದಾಗ ನನಗೆ ನೆನಪಾದದ್ದು ಆ ಮುಂಜಾವಿನ ನಡಿಗೆ.

ಆದರೆ ಆ ಸಭೆಯನ್ನು ಹಳೆಯ ಕಾಲದ ಸಮಾನತೆಯ ಗುರುತು ಎಂದು ಯಾರೂ ತಿಳಿಯಬಾರದು. ಅದು ಮೂಲದಲ್ಲಿ ಒಡೆಯನ ನ್ಯಾಯಸಭೆ. ರೈತರು ಅಂದೂ ಗೇಣಿದಾರರು, ಇಂದೂ ಗೇಣಿದಾರರು. ನಮ್ಮ ಊರ ಕಟ್ಟೆಯ ನ್ಯಾಯದಲ್ಲಿಯೂ ಕಟ್ಟೆ ಹತ್ತಿ ಕೂಡುವವರು ಕೆಲವರು, ಕೆಳಗೆ ಕೈಕಟ್ಟಿ ನಿಲ್ಲುವವರು ಹಲವರು ಎಂಬುದನ್ನು ನಾವು ಮರೆಯುವಂತಿಲ್ಲ. ಇಂದಿನ ಲ್ಯಾಕ್ಸ್ಟನ್ನಿನಿಂದ ನಾನು ಎತ್ತಿಹಿಡಿಯುವುದು ಒಂದನ್ನೇ: ಗಡಿಯ ತಂಟೆ ಬೆಳೆದು ವೈರವಾಗುವುದಕ್ಕೆ ಮುಂಚೆ, ತಪ್ಪದೆ, ಎಲ್ಲರೂ ಕೂಡಿ ಹೋಗಿ ನೋಡುವುದು.

ಪ್ರಶ್ನೆ: ಇಷ್ಟು ಉಪಯುಕ್ತವಾದ ಪದ್ಧತಿ ಇಂಗ್ಲೆಂಡಿನ ಉಳಿದ ಹಳ್ಳಿಗಳಲ್ಲಿ ಏಕೆ ಅಳಿಯಿತು? ಲ್ಯಾಕ್ಸ್ಟನ್ ಒಂದೇ ಹೇಗೆ ಉಳಿಯಿತು?
– ಶಿಕ್ಷಕರೊಬ್ಬರು, ಮಸ್ಕಿ

ಉತ್ತರ: ಅಳಿದದ್ದು ತಾನಾಗಿ ಅಲ್ಲ, ಕಾಯ್ದೆಯ ಮೂಲಕ. 1604ರಿಂದ ಮೂರು ಶತಮಾನಗಳಲ್ಲಿ ಬ್ರಿಟಿಷ್ ಸಂಸತ್ತು ಒಂದೊಂದು ಊರಿಗೆ ಒಂದೊಂದರಂತೆ 5,200ಕ್ಕೂ ಹೆಚ್ಚು ಬೇಲಿ ಕಾಯ್ದೆಗಳನ್ನು ಮಾಡಿತು; ಅವುಗಳಲ್ಲಿ ಹೆಚ್ಚಿನವು 1750ರಿಂದ 1850ರ ನಡುವಿನವು. ಸುಮಾರು 68 ಲಕ್ಷ ಎಕರೆ ಭೂಮಿ, ಎಂದರೆ ಇಂಗ್ಲೆಂಡಿನ ಐದನೆಯ ಒಂದು ಭಾಗಕ್ಕಿಂತ ಹೆಚ್ಚು, ಇದರಿಂದ ಬೇಲಿಯೊಳಗೆ ಸೇರಿತು. ಪಟ್ಟಿಗಳನ್ನು ಒಗ್ಗೂಡಿಸಿ ಒಬ್ಬೊಬ್ಬರಿಗೆ ಒಂದೊಂದು ಕಡೆ ಭೂಮಿ ಕೊಟ್ಟರು, ಊರ ಗೋಮಾಳವನ್ನೂ ಹಂಚಿದರು. ಹೊಸ ಬೆಳೆ, ಹೊಸ ತಳಿಯ ದನ, ಬಸಿಗಾಲುವೆ ಇವುಗಳಿಗೆ ಇದರಿಂದ ಅನುಕೂಲವಾಯಿತು ಎಂಬುದು ನಿಜ. ಆದರೆ ಗೋಮಾಳದಲ್ಲಿ ಒಂದು ಹಸು ಮೇಯಿಸಿ, ಸೌದೆ ಆರಿಸಿ ಬದುಕುತ್ತಿದ್ದ ಬಡವನಿಗೆ ಸಿಕ್ಕಿದ್ದು ಅತ್ಯಲ್ಪ. ಎಷ್ಟೋ ಮಂದಿಗೆ ಏನೂ ಸಿಗಲಿಲ್ಲ. ಅಲ್ಪ ಭೂಮಿ ಸಿಕ್ಕವರೂ ಬೇಲಿ ಹಾಕಿಸುವ ಖರ್ಚು ತಾಳಲಾರದೆ ಮಾರಿ, ಕೂಲಿಗೆ ನಿಂತರು ಇಲ್ಲವೇ ಪಟ್ಟಣ ಸೇರಿದರು.

ಲ್ಯಾಕ್ಸ್ಟನ್ನಿನ ಭೂಮಿ ಆಗ ಮುಖ್ಯವಾಗಿ ಇಬ್ಬರು ಶ್ರೀಮಂತ ಒಡೆಯರ ಕೈಯಲ್ಲಿತ್ತು. ಅವರಿಬ್ಬರೂ ಒಮ್ಮತಕ್ಕೆ ಬಾರದೆ ಬೇಲಿಯ ಕೆಲಸ ಹಿಂದೆ ಬಿತ್ತು ಎಂದು ಇತಿಹಾಸಕಾರರು ಹೇಳುತ್ತಾರೆ. ಅಂಚಿನ ಒಂದಷ್ಟು ಭೂಮಿ ಬೇಲಿಗೆ ಸೇರಿದರೂ ಮೂರು ಹೊಲಗಳು ಉಳಿದವು. ಮುಂದೆ ಊರು ಮ್ಯಾನ್ವರ್ಸ್ ಮನೆತನಕ್ಕೆ ಸೇರಿತು. 20ನೆಯ ಶತಮಾನದ ಮೊದಲಲ್ಲಿ ಪಟ್ಟಿಗಳನ್ನು ಕೂಡಿಸಿ ಅಗಲ ಮಾಡಿದ್ದರಿಂದ ಯಂತ್ರಗಳಿಗೆ ಎಡೆಯಾಯಿತು. 1952ರಲ್ಲಿ ಆ ಮನೆತನ ಊರನ್ನು ಸರಕಾರದ ಕೃಷಿ ಇಲಾಖೆಗೆ ಮಾರಿತು; 1981ರಲ್ಲಿ ಅದು ರಾಜಪ್ರಭುತ್ವದ ಆಸ್ತಿ ನೋಡಿಕೊಳ್ಳುವ ಸಂಸ್ಥೆಗೆ ಹೋಯಿತು; 2020ರಲ್ಲಿ ಮ್ಯಾನ್ವರ್ಸ್ ಮನೆತನದ ವಾರಸುದಾರರಾದ ಥೋರ್ಸ್‌ಬಿ ಸಂಸ್ಥಾನಕ್ಕೇ ಮರಳಿತು.

ನೀವು ಶಿಕ್ಷಕರಾದ್ದರಿಂದ ಇನ್ನೊಂದು ಮಾತು. ಇಂಗ್ಲೆಂಡಿನಲ್ಲಿ ಬೇಲಿ ಕಾಯ್ದೆಗಳ ಭರಾಟೆ ನಡೆದಿದ್ದ ಕಾಲದಲ್ಲೇ, 1800ರಲ್ಲಿ, ನಿಜಾಮನು ಬಳ್ಳಾರಿ ಸೀಮೆಯನ್ನು ಕಂಪನಿಗೆ ಬಿಟ್ಟುಕೊಟ್ಟನು. 1807ರವರೆಗೆ ಅಲ್ಲಿಯ ಮುಖ್ಯ ಕಲೆಕ್ಟರನಾಗಿದ್ದ ಥಾಮಸ್ ಮನ್ರೋ ಹೊಲ ಹೊಲವನ್ನೂ ಅಳೆಯಿಸಿ, ಒಬ್ಬೊಬ್ಬ ರೈತನ ಮೇಲೆ ನೇರವಾಗಿ ಕಂದಾಯ ಗೊತ್ತುಪಡಿಸುವ ರೈತವಾರಿ ಪದ್ಧತಿಯನ್ನು ಅಲ್ಲಿ ಬೆಳೆಸಿದನು. ರಾಯಚೂರು, ಕೊಪ್ಪಳಗಳು ಮಾತ್ರ ಬಹುಕಾಲ ನಿಜಾಮನ ಕೆಳಗೇ ಉಳಿದು 1948ರಲ್ಲಿ ವಿಮೋಚನೆ ಪಡೆದವು. ತುಂಗಭದ್ರೆಯ ಆಚೆ ಈಚೆ ಒಂದೇ ಬಗೆಯ ಎರೆ ನೆಲವಿದ್ದರೂ ಕಂದಾಯದ ಚರಿತ್ರೆ ಮತ್ತು ದಫ್ತರದ ಮಾತು ಬೇರೆಯಾದದ್ದು ಹೀಗೆ. ಮಕ್ಕಳಿಗೆ ಇದನ್ನು ಅವರವರ ಮನೆಯ ಹಳೆಯ ಕಾಗದಗಳಿಂದಲೇ ತೋರಿಸಬಹುದು.

ಪ್ರಶ್ನೆ: ನಮ್ಮ ಗಾಯರಾಣ ಭೂಮಿ ವರ್ಷವರ್ಷಕ್ಕೂ ಕರಗುತ್ತಿದೆ. ಅಲ್ಲಿ ಊರ ಹುಲ್ಲುನೆಲ ಇದೆಯೇ? ತಪ್ಪಿಸಿಕೊಂಡ ದನಗಳನ್ನು ಏನು ಮಾಡುತ್ತಾರೆ?
– ಓದುಗರೊಬ್ಬರು, ಲಿಂಗಸುಗೂರು

ಉತ್ತರ: ಇದೆ. ಹೊಲದ ನಡುವೆ ತಗ್ಗಾಗಿ, ತೇವವಾಗಿ, ನೇಗಿಲಿಗೆ ಒಗ್ಗದ ನೆಲಗಳನ್ನು ಅವರು ಸೈಕ್ ಎನ್ನುತ್ತಾರೆ. ಅದನ್ನು ಉಳುವಂತಿಲ್ಲ. ಅಲ್ಲಿಯ ಹುಲ್ಲನ್ನು ಕೊಯ್ಯುವ ಹಕ್ಕನ್ನು ವರ್ಷಕ್ಕೊಮ್ಮೆ ಹರಾಜು ಹಾಕುತ್ತಾರೆ. ನೂರಾರು ವರ್ಷ ಉಳುಮೆ ಕಾಣದ ಆ ನೆಲದಲ್ಲಿ ಬೇರೆ ಕಡೆ ಅಪರೂಪವಾದ ಕಾಡುಹೂಗಳು ಉಳಿದಿರುವುದರಿಂದ ಅದಕ್ಕೆ ಈಗ ಸಂರಕ್ಷಣೆಯೂ ಇದೆ. ಪಂಚರು ಹೆಚ್ಚು ಕಟ್ಟುನಿಟ್ಟಾಗಿ ನೋಡುವ ಒತ್ತುವರಿಗಳಲ್ಲಿ ಇದೂ ಒಂದು. ದಾರಿತಪ್ಪಿದ ದನಗಳಿಗೆ ನಮ್ಮ ಕೊಂಡವಾಡದಂಥದೇ ದೊಡ್ಡಿ ಇತ್ತು. ಅದರ ಕಟ್ಟೋಣ ಇಂದಿಗೂ ಊರಲ್ಲಿದೆ.

ನಿಮ್ಮ ಗಾಯರಾಣದ ವಿಷಯ. ನೂರು ದನಗಳಿಗೆ 12 ಹೆಕ್ಟೇರಿನಂತೆ ಗೋಮಾಳ ಕಾದಿರಿಸಬೇಕು ಎಂದು ಕರ್ನಾಟಕ ಭೂ ಕಂದಾಯ ನಿಯಮಗಳು ಹೇಳುತ್ತವೆ. ಊರ ಸಾಮೂಹಿಕ ಭೂಮಿಯ ಒತ್ತುವರಿಯನ್ನು ತೆರವು ಮಾಡುವ ವ್ಯವಸ್ಥೆ ರೂಪಿಸಬೇಕೆಂದು ಸುಪ್ರೀಂ ಕೋರ್ಟ್ 2011ರ ಜನವರಿಯಲ್ಲಿ ಎಲ್ಲ ರಾಜ್ಯಗಳಿಗೆ ಆದೇಶಿಸಿದೆ. ಗ್ರಾಮಸಭೆಯಲ್ಲಿ ಈ ಎರಡನ್ನೂ ಎತ್ತಿ ಹೇಳಿರಿ. ನಿಮ್ಮ ಊರಿನ ಗಾಯರಾಣದ ಸರ್ವೆ ನಂಬರ್ ಮತ್ತು ವಿಸ್ತೀರ್ಣವನ್ನು ಬರೆದುಕೊಂಡು ಹೋಗಿರಿ, ನಡಾವಳಿಯಲ್ಲಿ ದಾಖಲಾಗುವವರೆಗೆ ಏಳಬೇಡಿರಿ.

ಪ್ರಶ್ನೆ: ಅದು ಪ್ರವಾಸಿಗರಿಗಾಗಿ ಇಟ್ಟುಕೊಂಡ ಪ್ರದರ್ಶನವೇ, ನಿಜವಾದ ಬೇಸಾಯವೇ?
– ಓದುಗರೊಬ್ಬರು, ಗಂಗಾವತಿ

ಉತ್ತರ: ನಿಜವಾದ ಬೇಸಾಯ. ಟ್ರ್ಯಾಕ್ಟರ್ ಇದೆ, ಕೊಯ್ಲು ಯಂತ್ರ ಇದೆ, ಬೆಳೆದದ್ದು ಮಾರುಕಟ್ಟೆಗೆ ಹೋಗುತ್ತದೆ. ಮೂರು ಹೊಲದ ಪಟ್ಟಿಗಳು ಒಟ್ಟಿಗೆ 500 ಎಕರೆಯ ಒಳಗೇ ಇರುವುದರಿಂದ ರೈತರು ಬೇಲಿಯಿರುವ ಬೇರೆ ಭೂಮಿಯನ್ನೂ ಮಾಡುತ್ತಾರೆ. ಬಂದವರಿಗೆ ಪದ್ಧತಿಯನ್ನು ತಿಳಿಸುವ ಒಂದು ಸಣ್ಣ ಕೇಂದ್ರ ಡವ್‌ಕೋಟಿನ ಪಕ್ಕದಲ್ಲಿದೆ.

ಪ್ರಶ್ನೆ: ಲ್ಯಾಕ್ಸ್ಟನ್ನಿನ ಹಳೆಯ ನಕ್ಷೆಯೊಂದು ಬಹಳ ಪ್ರಸಿದ್ಧ ಎಂದು ಓದಿದೆ. ಅದರ ವಿಶೇಷವೇನು? ನಮ್ಮ ಊರುಗಳಿಗೂ ಅಂಥ ನಕ್ಷೆ ಇರುತ್ತದೆಯೇ?
– ಪದವಿ ವಿದ್ಯಾರ್ಥಿನಿಯೊಬ್ಬರು, ಬಳ್ಳಾರಿ

ಉತ್ತರ: ತಂಗಿ, ನಿಮ್ಮ ಪ್ರಶ್ನೆ ನನಗೆ ಬಹಳ ಇಷ್ಟವಾಯಿತು. 1635ರಲ್ಲಿ ಆಗಿನ ಒಡೆಯ, ವ್ಯಾಪಾರಿ ಸರ್ ವಿಲಿಯಮ್ ಕೋರ್ಟೆನ್, ಮಾರ್ಕ್ ಪಿಯರ್ಸ್ ಎಂಬ ಭೂಮಾಪಕನಿಂದ ಊರನ್ನೆಲ್ಲ ಅಳೆಯಿಸಿ ನಕ್ಷೆ ಬರೆಯಿಸಿದನು. ಅದು ಈಗ ಆಕ್ಸ್‌ಫರ್ಡಿನ ಬಾಡ್ಲಿಯನ್ ಗ್ರಂಥಾಲಯದಲ್ಲಿದೆ. ಎರಡು ಸಾವಿರಕ್ಕೂ ಹೆಚ್ಚು ಪಟ್ಟಿಗಳು ಅದರಲ್ಲಿ ಒಂದೊಂದಾಗಿ ಕಾಣುತ್ತವೆ. ಯಾರ ಕೈಯಲ್ಲಿ ಯಾವ ಪಟ್ಟಿ ಎಂಬುದಕ್ಕೆ ಜೊತೆಗೊಂದು ಪುಸ್ತಕವೂ ಇದೆ. ಭೂಮಾಪಕನು ಗೆರೆ ಎಳೆದು ಸುಮ್ಮನಾಗದೆ ಉಳುವವರನ್ನೂ, ಕೊಯ್ಯುವವರನ್ನೂ, ದನಗಳನ್ನೂ, ಬೇಟೆಯವರನ್ನೂ ಹೊಲದೊಳಗೆ ಸಣ್ಣದಾಗಿ ಚಿತ್ರಿಸಿದ್ದಾನೆ.

ನಮ್ಮ ಪ್ರತಿ ಊರಿಗೂ ಗ್ರಾಮ ನಕ್ಷೆ ಇದೆ, ಒಂದೊಂದು ಸರ್ವೆ ನಂಬರಿಗೂ ಟಿಪ್ಪಣಿ ಇದೆ. ನಿಮ್ಮ ತಾಲೂಕಿನ ಭೂಮಾಪನ ಶಾಖೆಯಲ್ಲಿ ಅರ್ಜಿ ಕೊಟ್ಟು ಪ್ರತಿ ಪಡೆಯಬಹುದು. ಆದರೆ ಅದರಲ್ಲಿ ಕಾಣುವುದು ಗೆರೆ ಮತ್ತು ಅಂಕಿ. ಹಳ್ಳದ ಹೊಲ, ಬನ್ನಿಗಿಡದ ಹೊಲ, ಬಾವಿ ಹೊಲ ಎಂದು ಊರವರು ಕರೆಯುವ ಹೆಸರುಗಳು ಅಲ್ಲಿರುವುದಿಲ್ಲ. ಅವು ಅಜ್ಜಂದಿರ, ಅಮ್ಮಂದಿರ ಬಾಯಲ್ಲಿವೆ. ನಕ್ಷೆಯ ದೊಡ್ಡ ಪ್ರತಿಯೊಂದನ್ನು ತೆಗೆಸಿ, ಈ ಬೇಸಿಗೆಯ ರಜೆಯಲ್ಲಿ ಅವರೊಡನೆ ಸೀಮೆ ತಿರುಗಿ ಆ ಹೆಸರುಗಳನ್ನು ಅದರ ಮೇಲೆ ಬರೆದುಕೊಳ್ಳಿರಿ. ಬರೆದ ಮೇಲೆ ನಮಗೂ ಒಂದು ಪ್ರತಿ ಕಳುಹಿಸಿದರೆ ಈ ಅಂಕಣದಲ್ಲಿಯೇ ಅಚ್ಚು ಹಾಕಿಸುತ್ತೇವೆ.